ಚಿತ್ರಪಟವೂ ಸರಕಾರದ ಕತ್ತರಿಯೂ

1930ನೆಯ ಇಸವಿಯ ಮಾರ್ಚ್ 12ನೆಯ ತಾರೀಖಿಗೆ ಮಹಾತ್ಮರು ಸಾಬರಮತಿಯ ಆಶ್ರಮವನ್ನು ಬಿಟ್ಟು ದಾಂಡಿಯ ಕಡಲ ದಂಡೆಗೆ ನಡೆದು ಹೊರಟಾಗ ಅವರ ಬೆನ್ನ ಹಿಂದಿದ್ದ 78 ಜನ ಸತ್ಯಾಗ್ರಹಿಗಳಲ್ಲಿ ಮೋಟೆಬೆನ್ನೂರಿನ ತರುಣನೊಬ್ಬನಿದ್ದನೆಂಬುದು ನಮ್ಮ ಜಿಲ್ಹೆಯ ಶಾಲೆಯ ಹುಡುಗರಿಗೂ ತಿಳಿದ ಸಂಗತಿಯಾಗಿದೆ. ಬ್ಯಾಡಗಿ ತಾಲೂಕಿನ ಮೈಲಾರ ಮಹಾದೇವಪ್ಪನವರಿಗೆ ಆಗ 19 ವರ್ಷಗಳು ಸಹ ತುಂಬಿರಲಿಲ್ಲ. ಆದರೆ ಅದೇ ಯಾತ್ರೆಯನ್ನು ಕುರಿತು ಮುಂಬಯಿಯ ಚಿತ್ರಪಟ ಕಂಪನಿಗಳು ತೆಗೆದಿದ್ದ ಚಿಕ್ಕ ಚಿತ್ರಪಟಗಳನ್ನು ಅಂದಿನ ಆಂಗ್ಲ ಸರಕಾರವು ಜನರಿಗೆ ತೋರಿಸಕೂಡದೆಂದು ನಿಷೇಧಿಸಿತೆಂಬುದು ಬಹುಜನರಿಗೆ ತಿಳಿದಿಲ್ಲ. ನಡೆಯುವವರನ್ನು ತಡೆಯಲು ಆಗದಿದ್ದ ಸರಕಾರವು ಅವರು ನಡೆದುದರ ನೆರಳನ್ನಾದರೂ ತಡೆಯಿತು.

ಈ ಮಾತನ್ನು ಮೊದಲಿಗೆ ಎತ್ತಲು ಕಾರಣವುಂಟು. ಚಿತ್ರಪಟಗಳ ಪರೀಕ್ಷಣದ ವಿಷಯವು ಬಂದಾಗಲೆಲ್ಲ ನಮ್ಮ ಪಟ್ಟಣಗಳ ಸುಶಿಕ್ಷಿತ ಗೃಹಸ್ಥರು, ಅದು ಮುಂಬಯಿ ಬೆಂಗಳೂರುಗಳ ನಟನಟಿಯರ ಗೊಡವೆ, ಮೆಣಸಿನಕಾಯಿಯ ಪೇಟೆಯ ಬ್ಯಾಡಗಿಯವರಿಗೂ ಬೀಜದ ವ್ಯಾಪಾರದ ರಾಣೇಬೆನ್ನೂರಿನವರಿಗೂ ಕಚೇರಿ ಕಾಗದಪತ್ರಗಳ ಹಾವೇರಿಯವರಿಗೂ ಅದರಿಂದ ಆಗಬೇಕಾದುದೇನು ಎಂದು ಕೇಳುವುದುಂಟು. ಆ ಪ್ರಶ್ನೆಗೆ ಉತ್ತರ ಕೊಡುವುದು ಈ ಲೇಖನದ ಉದ್ದೇಶವಾಗಿದೆ.

ಹಿಂದಿನ ವೃತ್ತಾಂತವನ್ನು ಸಂಕ್ಷೇಪವಾಗಿ ಹೇಳಿಬಿಡುವೆವು. ರಂಗಭೂಮಿಯ ಬಾಯಿ ಕಟ್ಟುವ ಕಾಯದೆಯು 1876ರಷ್ಟು ಹಿಂದೆಯೇ ಹುಟ್ಟಿತ್ತು. ಖಾಡಿಲಕರರ 'ಕೀಚಕವಧ' ನಾಟಕದಲ್ಲಿ ಕರ್ಜನ್ ಸಾಹೇಬರ ಮುಖವು ಕಾಣುತ್ತದೆಂದು 1910ರಲ್ಲಿ ಅದನ್ನು ನಿಲ್ಲಿಸಿದ ಕಥೆಯನ್ನು ಧಾರವಾಡದ ಕಡೆಯ ಹಿರಿಯರು ಹೇಳುತ್ತಿದ್ದರು. ಚಿತ್ರಪಟಕ್ಕೆ 1918ರಲ್ಲಿ ಪ್ರತ್ಯೇಕ ಕಾಯದೆಯಾಯಿತು. 1920ರಲ್ಲಿ ಮುಂಬಯಿ, ಕಲಕತ್ತೆ, ಮದರಾಸು, ರಂಗೂನುಗಳಲ್ಲಿ ಪರೀಕ್ಷಕ ಮಂಡಳಿಗಳು ಏರ್ಪಟ್ಟವು. ನಮ್ಮ ಪ್ರಾಂತವೆಲ್ಲ ಆಗ ಧಾರವಾಡ ಜಿಲ್ಹೆಯೊಳಗೆ, ಅಂದರೆ ಮುಂಬಯಿ ಇಲಾಖೆಯೊಳಗೆ ಇದ್ದುದರಿಂದ ನಾವು ಏನನ್ನು ನೋಡಬಹುದೆಂಬುದನ್ನು ಮುಂಬಯಿಯ ಮಂಡಳಿಯು ಗೊತ್ತುಪಡಿಸುತ್ತಿತ್ತು. ಆ ಮಂಡಳಿಗೆ ಪೋಲೀಸು ಕಮಿಶನರರೇ ಅಧ್ಯಕ್ಷರು. 1921ರ 'ಭಕ್ತ ವಿದುರ'ದಲ್ಲಿ ವಿದುರನು ಖಾದಿಯನ್ನುಟ್ಟು ಗಾಂಧಿಯವರಂತೆ ಕಾಣುತ್ತಾನೆಂಬ ಕಾರಣದಿಂದ ಮದರಾಸಿನಲ್ಲಿಯೂ ಕರಾಚಿಯಲ್ಲಿಯೂ ಅದಕ್ಕೆ ತಡೆ ಬಂದಿತು. ಕೊಲ್ಹಾಪುರದ ಪ್ರಭಾತ ಕಂಪನಿಯ ಶಾಂತಾರಾಮರು ಶಿವಾಜಿ ಮಹಾರಾಜರನ್ನು ಕುರಿತು ತೆಗೆದ ಚಿತ್ರಪಟದ ಹೆಸರಿನಲ್ಲಿ 'ಸ್ವರಾಜ್ಯ' ಎಂಬ ಶಬ್ದವಿದ್ದುದರಿಂದ ಆ ಹೆಸರನ್ನೇ ಬಿಟ್ಟು 'ಉದಯಕಾಲ' ಎಂದು ಕರೆಯಬೇಕಾಯಿತು. ಪರರಾಜ್ಯವು ಹೀಗೆ ನಡೆದುಕೊಂಡುದರಲ್ಲಿ ಆಶ್ಚರ್ಯವಿಲ್ಲ. ಆಶ್ಚರ್ಯವಿರುವುದು ಮುಂದೆ. ಸ್ವರಾಜ್ಯ ಬಂದು ಐದನೆಯ ವರ್ಷಕ್ಕೆ, 1952ರಲ್ಲಿ, ನಮ್ಮದೇ ಪಾರ್ಲಿಮೆಂಟು ಚಿತ್ರಪಟದ ಹೊಸ ಕಾಯದೆಯನ್ನು ಮಾಡಿದಾಗ ಹಳೆಯ ಕತ್ತರಿಯನ್ನು ಕಸಕ್ಕೆ ಎಸೆಯದೆ ಸಾಣೆ ಹಿಡಿಸಿ ಇಟ್ಟುಕೊಂಡಿತು. 1983ರಲ್ಲಿ ಸೆನ್ಸಾರು ಮಂಡಳಿಯ ಹೆಸರನ್ನು ತಿದ್ದಿ 'ಪ್ರಮಾಣನ ಮಂಡಳಿ' ಎಂದು ಮಾಡಿದರು. ಹೆಸರು ಸೌಮ್ಯವಾಯಿತು; ಕೆಲಸವು ಇದ್ದಂತೆಯೇ ಇದೆ.

ವಾಚಕರು ನಮ್ಮನ್ನು ತಪ್ಪು ತಿಳಿಯಬಾರದು. ಎಲ್ಲ ಚಿತ್ರಪಟಗಳನ್ನೂ ಎಲ್ಲ ವಯಸ್ಸಿನವರಿಗೂ ತೋರಿಸಿಬಿಡಬೇಕೆಂದು ನಾವು ವಾದಿಸುವವರಲ್ಲ. ಎಳೆಯ ಮಕ್ಕಳು ಯಾವುದನ್ನು ನೋಡಬಹುದು, ಯಾವುದನ್ನು ನೋಡಬಾರದು ಎಂದು ವಯಸ್ಸಿನ ಮೇರೆಗೆ ವಿಂಗಡಿಸಿ ಮನೆಯ ಹಿರಿಯರಿಗೆ ತಿಳಿಸುವುದು ಉಪಯುಕ್ತವಾದ ಕೆಲಸವೇ ಸರಿ. 2023ರ ತಿದ್ದುಪಡಿ ಕಾಯದೆಯು 7, 13, 16 ವರ್ಷಗಳೆಂದು ಮೂರು ಮಟ್ಟಗಳನ್ನು ಗೊತ್ತುಮಾಡಿದುದನ್ನು ನಾವು ಸ್ವಾಗತಿಸುತ್ತೇವೆ. ಆದರೆ 18 ತುಂಬಿದವನ ಕೈಗೆ ರಾಜ್ಯವನ್ನು ಆಳುವವರನ್ನು ಆರಿಸುವ ಮತಪತ್ರವನ್ನು ಕೊಟ್ಟ ಮೇಲೆ, ಅದೇ ಮನುಷ್ಯನು ಒಂದು ಚಿತ್ರಪಟವನ್ನು ನೋಡಿ ಬುದ್ಧಿಗೆಟ್ಟು ಹೋಗುವನೆಂದು ಭಾವಿಸುವುದು ಯಾವ ನ್ಯಾಯ? ವಿಂಗಡಿಸುವುದು ಬೇರೆ, ಕತ್ತರಿಸುವುದು ಬೇರೆ.

ಕನ್ನಡದಲ್ಲಿ ಈ ಪ್ರಶ್ನೆಯು ಮೊದಲು ತೀವ್ರವಾಗಿ ಎದ್ದುದು 'ಸಂಸ್ಕಾರ'ದ ಸಂದರ್ಭದಲ್ಲಿ. ಯು. ಆರ್. ಅನಂತಮೂರ್ತಿಯವರ ಕಾದಂಬರಿಯು 1965ರಲ್ಲಿ ಪ್ರಕಟವಾಯಿತು. ನೆಲ್ಲೂರಿನ ಕಡೆಯ ತೆಲುಗು ಕವಿ ಪಟ್ಟಾಭಿರಾಮ ರೆಡ್ಡಿಯವರು ಅದನ್ನು ಚಿತ್ರಪಟವಾಗಿ ಮಾಡಲು ಮನಸ್ಸು ಮಾಡಿದರು. ಚಿತ್ರಕಥೆಯನ್ನು ಬರೆದವರೂ ಪ್ರಾಣೇಶಾಚಾರ್ಯನ ಪಾತ್ರವನ್ನು ವಹಿಸಿದವರೂ ಧಾರವಾಡದಲ್ಲಿ ಬೆಳೆದ ಗಿರೀಶ ಕಾರ್ನಾಡರು. ನಾರಣಪ್ಪನಾಗಿ ಪಿ. ಲಂಕೇಶರು, ಚಂದ್ರಿಯಾಗಿ ನಿರ್ದೇಶಕರ ಪತ್ನಿ ಸ್ನೇಹಲತಾ ರೆಡ್ಡಿಯವರು ಅಭಿನಯಿಸಿದರು. ಛಾಯಾಗ್ರಹಣಕ್ಕೆ ಟಾಮ್ ಕೊವಾನ್ ಎಂಬ ಆಸ್ಟ್ರೇಲಿಯದವರು. ಸಂಗೀತವು ಸರೋದ ವಾದಕ ರಾಜೀವ ತಾರಾನಾಥರದು. ದೊಡ್ಡ ಸ್ಟುಡಿಯೋ ಇಲ್ಲ, ಹಾಡು ಕುಣಿತಗಳಿಲ್ಲ, ಹೆಸರುವಾಸಿಯಾದ ನಾಯಕನಿಲ್ಲ. ಶೃಂಗೇರಿಯ ಬಳಿ, ತುಂಗೆಯ ತೀರದ ಒಂದು ಹಳ್ಳಿಯಲ್ಲಿ ಚಿತ್ರೀಕರಣವಾಯಿತು. ಆ ತುಂಗೆಯೇ ಕೂಡಲಿಯಲ್ಲಿ ಭದ್ರೆಯನ್ನು ಕೂಡಿ ನಮ್ಮ ರಾಣೇಬೆನ್ನೂರು ತಾಲೂಕಿನ ಅಂಚನ್ನು ತೊಳೆದುಕೊಂಡು ಹೋಗುತ್ತಾಳೆ.

ಕಥೆಯು ಪ್ರಸಿದ್ಧವಾದುದು. ಆಚಾರವನ್ನು ಬಿಟ್ಟು ಬಾಳಿದ ನಾರಣಪ್ಪನು ಪ್ಲೇಗಿನಿಂದ ಸಾಯುತ್ತಾನೆ; ಅವನ ಹೆಣಕ್ಕೆ ಸಂಸ್ಕಾರ ಮಾಡತಕ್ಕವರು ಯಾರೆಂದು ಅಗ್ರಹಾರವು ತೀರ್ಮಾನಿಸಲಾರದೆ ಹೋಗುತ್ತದೆ; ಶಾಸ್ತ್ರಗಳನ್ನೆಲ್ಲ ತಿರುವಿದ ಆಚಾರ್ಯನಿಗೆ ಉತ್ತರ ದೊರೆಯುವುದಿಲ್ಲ. ಇದನ್ನು ತೋರಿಸಿದರೆ ಜಾತಿಜಾತಿಗಳಲ್ಲಿ ಕ್ಷೋಭೆಯುಂಟಾದೀತೆಂದು ಮದರಾಸಿನ ಸೆನ್ಸಾರು ಮಂಡಳಿಯು ಚಿತ್ರಪಟವನ್ನು ನಿಷೇಧಿಸಿತು. ಕಾದಂಬರಿಯು ಅಷ್ಟರಲ್ಲಿ ಐದು ವರ್ಷಗಳಿಂದ ಅಂಗಡಿಗಳಲ್ಲಿ ಮಾರಾಟಕ್ಕಿತ್ತು. ಓದಿದಾಗ ಕೆಡದಿದ್ದ ಸಮಾಜವು ನೋಡಿದಾಗ ಕೆಡುವುದೆಂಬ ತರ್ಕವನ್ನು ಮಂಡಳಿಯವರು ಎಲ್ಲಿ ಕಲಿತರೋ ತಿಳಿಯದು. ಕಾಗಿನೆಲೆಯು ಬ್ಯಾಡಗಿ ತಾಲೂಕಿನಲ್ಲಿಯೇ ಇದೆ. ಕುಲದ ಹೆಮ್ಮೆಯನ್ನು ಕನಕದಾಸರಿಗಿಂತ ಕಟುವಾಗಿ ಕೇಳಿದವರಾರು? ಅವರ ಪದಗಳನ್ನು ನಾಲ್ಕು ನೂರು ವರ್ಷಗಳ ಮೇಲ್ಪಟ್ಟು ಮಠಗಳ ಮುಂದೆಯೂ ದೇವಸ್ಥಾನಗಳ ಅಂಗಳದಲ್ಲಿಯೂ ಹಾಡುತ್ತ ಬಂದ ಜನರಿಗೆ 'ಸಂಸ್ಕಾರ'ವನ್ನು ತಾಳಿಕೊಳ್ಳುವ ಶಕ್ತಿಯಿಲ್ಲವೆಂದು ಮದರಾಸಿನಲ್ಲಿ ಕುಳಿತು ನಿರ್ಣಯಿಸಿದರು!

ಕಡೆಗೆ ಕೇಂದ್ರ ಸರಕಾರದ ವಾರ್ತಾ ಖಾತೆಯ ಮಟ್ಟದಲ್ಲಿ ತಡೆಯು ತೆರವಾಯಿತು. 1970ರ ಚಿತ್ರಪಟಗಳಲ್ಲೆಲ್ಲ ಅತ್ಯುತ್ತಮವೆಂದು ರಾಷ್ಟ್ರಪತಿಗಳ ಸ್ವರ್ಣಪದಕವು ಅದಕ್ಕೇ ಬಂದಿತು. ಕನ್ನಡಕ್ಕೆ ಆ ಗೌರವವು ಬಂದುದು ಅದೇ ಮೊದಲು. ಒಂದು ಸರಕಾರೀ ಮಂಡಳಿಯು ಜನರ ಕಣ್ಣಿಗೆ ಬೀಳಬಾರದೆಂದ ವಸ್ತುವನ್ನು ಇನ್ನೊಂದು ಸರಕಾರೀ ಮಂಡಳಿಯು ದೇಶದ ಅಭಿಮಾನದ ವಸ್ತುವೆಂದಿತು. ಅದು ತೆರೆದ ದಾರಿಯಲ್ಲಿಯೇ 'ವಂಶವೃಕ್ಷ', 'ಕಾಡು', 'ಚೋಮನ ದುಡಿ', 'ಘಟಶ್ರಾದ್ಧ'ಗಳು ಬಂದವು. ಕೊನೆಯ ಎರಡಕ್ಕೆ 1975 ಹಾಗೂ 1977ರ ಸ್ವರ್ಣಕಮಲಗಳು ದೊರೆತವು. 1970ರ ನಿಷೇಧವು ಹಾಗೆಯೇ ನಿಂತಿದ್ದರೆ ಈ ಸಾಲಿನಲ್ಲಿ ಎಷ್ಟು ಉಳಿಯುತ್ತಿದ್ದವೆಂದು ವಾಚಕರೇ ಯೋಚಿಸಲಿ.

ಚಂದ್ರಿಯ ಪಾತ್ರ ವಹಿಸಿದ ಸ್ನೇಹಲತಾ ರೆಡ್ಡಿಯವರ ಮುಂದಿನ ಕಥೆಯನ್ನು ಇಲ್ಲಿ ಹೇಳದೆ ಹೋಗಲಾರೆವು. ತುರ್ತುಪರಿಸ್ಥಿತಿಯ ಕಾಲದಲ್ಲಿ, 1976ರಲ್ಲಿ, ಅವರನ್ನು ಬಂಧಿಸಿ ಬೆಂಗಳೂರಿನ ಕೇಂದ್ರ ಸೆರೆಮನೆಯಲ್ಲಿಟ್ಟರು. ಅವರಿಗೆ ಉಬ್ಬಸದ ಬೇನೆಯಿತ್ತು. 1977ರ ಜನವರಿಯಲ್ಲಿ, ದೇಹಸ್ಥಿತಿಯು ತೀರ ಕೆಟ್ಟ ಮೇಲೆ ಹೊರಗೆ ಬಿಟ್ಟರು. ಅದೇ ತಿಂಗಳ 20ನೆಯ ತಾರೀಖಿಗೆ ತೀರಿಕೊಂಡರು. ಅದೇ ತುರ್ತುಪರಿಸ್ಥಿತಿಯಲ್ಲಿ ವೃತ್ತಪತ್ರಗಳ ಮೇಲೆಯೂ ಪೂರ್ವಪರೀಕ್ಷಣವು ಬಂದಿತ್ತು. ಇಂದು ಯಾವ ಸಂಪಾದಕನೂ ನಾಳಿನ ಪುಟವನ್ನು ಇಂದೇ ಅಧಿಕಾರಿಯೊಬ್ಬರ ಮುಂದಿಟ್ಟು ಅಪ್ಪಣೆ ಕೇಳಬೇಕಾಗಿಲ್ಲ. ಚಿತ್ರಪಟ ತೆಗೆಯುವವನು ಮಾತ್ರ ನಿತ್ಯವೂ ಕೇಳಬೇಕು.

ಇದಕ್ಕೆ ನ್ಯಾಯಾಲಯದ ಸಮ್ಮತಿಯಿದೆಯಷ್ಟೆ ಎಂದು ಅಧಿಕಾರಿವರ್ಗದ ನಮ್ಮ ವಾಚಕರು ಹೇಳಬಹುದು. ಅಹುದು, ಇದೆ. ಖ್ವಾಜಾ ಅಹಮದ್ ಅಬ್ಬಾಸರು ನಾಲ್ಕು ನಗರಗಳನ್ನು ಕುರಿತು ತೆಗೆದ ಕಿರುಚಿತ್ರದಲ್ಲಿ ಮುಂಬಯಿಯ ವೇಶ್ಯಾವಾಟಿಕೆಯ ಕೆಲವು ದೃಶ್ಯಗಳನ್ನು ತೆಗೆದುಹಾಕಬೇಕೆಂದು ಆಜ್ಞೆಯಾದಾಗ ಅವರು ಸುಪ್ರೀಂ ಕೋರ್ಟಿಗೆ ಹೋದರು. 1970ರ ಸಪ್ಟಂಬರದಲ್ಲಿ ಮುಖ್ಯ ನ್ಯಾಯಮೂರ್ತಿ ಹಿದಾಯತುಲ್ಲಾ ಅವರ ಪೀಠವು, ಚಲಿಸುವ ಚಿತ್ರವು ಅಚ್ಚಿನ ಅಕ್ಷರಕ್ಕಿಂತ ಹೆಚ್ಚಾಗಿ ಮನಸ್ಸನ್ನು ಕಲಕುತ್ತದಾದ್ದರಿಂದ ಪೂರ್ವಪರೀಕ್ಷಣವು ಸಂವಿಧಾನಕ್ಕೆ ವಿರುದ್ಧವಲ್ಲವೆಂದು ತೀರ್ಮಾನಿಸಿತು. ನ್ಯಾಯಮೂರ್ತಿಗಳ ವಿಷಯದಲ್ಲಿ ಪೂರ್ಣ ಗೌರವವನ್ನಿಟ್ಟುಕೊಂಡೇ ಈ ಕಾರಣವು ನಮಗೆ ಒಪ್ಪಿಗೆಯಾಗಿಲ್ಲವೆಂದು ಹೇಳುತ್ತೇವೆ. ಮನಸ್ಸನ್ನು ಕಲಕುವುದೇ ಅಪರಾಧವಾದರೆ ಕೀರ್ತನಕಾರರನ್ನೂ ಬಯಲಾಟದವರನ್ನೂ ಮೊದಲು ಹಿಡಿಯಬೇಕು. ಆದರೆ ಅದೇ ತೀರ್ಪಿನಲ್ಲಿ ಇನ್ನೊಂದು ಮಾತಿತ್ತು. ಮಂಡಳಿಯ ನಿರ್ಣಯದ ಮೇಲಿನ ಅಪೀಲು ಆಗ ಸರಕಾರಕ್ಕೇ ಹೋಗುತ್ತಿತ್ತು. ಅದು ಹೀಗಿರಬಾರದು, ನ್ಯಾಯದೃಷ್ಟಿಯುಳ್ಳ ಪ್ರತ್ಯೇಕ ಪೀಠವೊಂದಿರಬೇಕೆಂಬುದನ್ನು ಸರಕಾರದ ಪರವಾಗಿಯೇ ಒಪ್ಪಿಕೊಳ್ಳಲಾಯಿತು. ಕೊಟ್ಟ ಮಾತು ನಡೆಯಲು 13 ವರ್ಷ ಹಿಡಿಯಿತು. 1983ರಲ್ಲಿ ದಿಲ್ಲಿಯಲ್ಲಿ ಚಿತ್ರಪಟಗಳ ಅಪೀಲು ನ್ಯಾಯಮಂಡಳಿಯು ಏರ್ಪಟ್ಟಿತು. ಅಷ್ಟಾದರೂ ಸರಕಾರವು ಒಂದು ಕೀಲಿಕೈಯನ್ನು ತನ್ನ ಸೊಂಟದಲ್ಲಿಯೇ ಇಟ್ಟುಕೊಂಡಿತ್ತು: ಕಾಯದೆಯ 6ನೆಯ ಕಲಮಿನ ಮೇರೆಗೆ, ಮಂಡಳಿಯು ಏನೇ ಹೇಳಿರಲಿ, ಅಪೀಲು ನ್ಯಾಯಮಂಡಳಿಯೇ ಏನು ಹೇಳಿರಲಿ, ಕೇಂದ್ರ ಸರಕಾರವು ಕಾಗದವನ್ನು ತರಿಸಿಕೊಂಡು ತನಗೆ ತೋರಿದಂತೆ ಆಜ್ಞೆ ಮಾಡಬಹುದಾಗಿತ್ತು.

ಈ ಕೀಲಿಕೈಯನ್ನು ಕಿತ್ತುಕೊಂಡವರು ಒಬ್ಬ ಕನ್ನಡಿಗರು. ನಮ್ಮ ಜನರು ಅವರ ಹೆಸರನ್ನು ಮರೆತಂತಿದೆ. ಕೆ. ಎಂ. ಶಂಕರಪ್ಪನವರು 1974ರಲ್ಲಿ 'ಮಾಡಿ ಮಡಿದವರು' ಎಂಬ ಚಿತ್ರಪಟವನ್ನು ನಿರ್ದೇಶಿಸಿದವರು. ಅದಕ್ಕೆ ಆಧಾರವು ಬಸವರಾಜ ಕಟ್ಟೀಮನಿಯವರ ಕಾದಂಬರಿ; ಕಾದಂಬರಿಯ ವಿಷಯವು 1942ರ ಚಳವಳಿ; ಅದರ ಹೆಸರು ಹುಟ್ಟಿದುದು ಮಾಡು ಇಲ್ಲವೆ ಮಡಿ ಎಂಬ ಮಹಾತ್ಮರ ಕರೆಯಿಂದ. ಆ ಕರೆಯನ್ನು ಅಕ್ಷರಶಃ ನಡೆಸಿದವರು ನಮ್ಮ ನೆಲದಲ್ಲಿದ್ದರು. 1943ನೆಯ ಏಪ್ರಿಲ್ 1ನೆಯ ತಾರೀಖಿಗೆ ಹಾವೇರಿ ತಾಲೂಕಿನ ಹೊಸರಿತ್ತಿಯಲ್ಲಿ, ದೇವಸ್ಥಾನದೊಳಗೆ ಇಟ್ಟಿದ್ದ ಸರಕಾರದ ಕಂದಾಯದ ಹಣವನ್ನು ವಶಪಡಿಸಿಕೊಳ್ಳಲು ಹೋದ ಮೈಲಾರ ಮಹಾದೇವಪ್ಪನವರೂ ಅವರೊಡನೆ ತಿರಕಪ್ಪ ಮಡಿವಾಳರ, ವೀರಯ್ಯ ಹಿರೇಮಠ ಎಂಬಿಬ್ಬರೂ ಪೋಲೀಸರ ಗುಂಡಿಗೆ ಬಲಿಯಾದರು. ದಾಂಡಿಗೆ ನಡೆದು ಹೋಗಿದ್ದ ಹುಡುಗನು ಆಗ 31 ವರ್ಷದವನಾಗಿದ್ದನು. ಹಾವೇರಿಯ ವೀರಸೌಧವು ಅವರ ನೆನಪಿಗಾಗಿ ನಿಂತಿದೆ.

ಅಂತಹ ಕಾಲವನ್ನು ತೆರೆಯ ಮೇಲೆ ತಂದ ಶಂಕರಪ್ಪನವರೇ, ಸರಕಾರವು ತನ್ನದೇ ನ್ಯಾಯಮಂಡಳಿಯ ನೆತ್ತಿಯ ಮೇಲೆ ಕುಳಿತುಕೊಳ್ಳುವ ಈ 6ನೆಯ ಕಲಮು ಸಂವಿಧಾನಕ್ಕೆ ಬಾಹಿರವೆಂದು ಕರ್ನಾಟಕ ಹೈಕೋರ್ಟಿನಲ್ಲಿ ಅರ್ಜಿ ಹಾಕಿದರು. 1990ರ ಏಪ್ರಿಲ್ ತಿಂಗಳಲ್ಲಿ ಹೈಕೋರ್ಟು ಅವರ ಪರವಾಗಿ ತೀರ್ಪಿತ್ತಿತು. ಕೇಂದ್ರ ಸರಕಾರವು ಸುಪ್ರೀಂ ಕೋರ್ಟಿಗೆ ಹೋಯಿತು. 2000ದ ನವೆಂಬರದಲ್ಲಿ ಅಲ್ಲಿಯೂ ಸೋತಿತು. ನ್ಯಾಯಮಂಡಳಿಯೊಂದು ವಿಚಾರ ಮಾಡಿ ನಿರ್ಣಯಿಸಿದ ಮೇಲೆ ಕಾರ್ಯಾಂಗವು ಅದರ ಮೇಲೆ ಅಪೀಲು ಕೇಳಲಾಗದು. ಒಂದು ಚಿತ್ರಪಟದಿಂದ ಗಲಭೆಯಾದೀತೆಂಬ ಭಯವಿದ್ದರೆ ಗಲಭೆಯಾಗದಂತೆ ನೋಡಿಕೊಳ್ಳುವುದೇ ಸರಕಾರದ ಕರ್ತವ್ಯವು ಎಂಬುದು ಆ ತೀರ್ಪಿನ ಸಾರ. ಜಿಲ್ಹಾಧಿಕಾರಿಗಳೂ ಪೋಲೀಸು ಅಧಿಕಾರಿಗಳೂ ಈ ಎರಡನೆಯ ಭಾಗವನ್ನು ವಿಶೇಷವಾಗಿ ಲಕ್ಷ್ಯದಲ್ಲಿಡಬೇಕು. ನಾಲ್ಕು ಜನ ಬಾವುಟ ಹಿಡಿದು ಚಿತ್ರಮಂದಿರದ ಮುಂದೆ ನಿಂತರೆ ಚಿತ್ರಪಟವನ್ನು ನಿಲ್ಲಿಸಿ ಕೈ ತೊಳೆದುಕೊಳ್ಳುವುದು ಶಾಂತಿಪಾಲನೆಯಲ್ಲ. ಮೀಸಲಾತಿಯನ್ನು ಕುರಿತ ಒಂದು ತಮಿಳು ಚಿತ್ರಪಟದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 1989ರಲ್ಲಿಯೇ, ಮದ್ದಿನ ಪೀಪಾಯಿಗೆ ಬಿದ್ದ ಕಿಡಿಯಂತೆ ಅಪಾಯವು ತೀರ ಸಮೀಪವಾಗಿದ್ದ ಹೊರತು ಮಾತನ್ನು ತಡೆಯಲಾಗದೆಂದು ಹೇಳಿದೆ.

ಜನಸಮೂಹವನ್ನು ಕಂಡರೆ ಇಷ್ಟೊಂದು ಅಂಜುವವರು ಒಮ್ಮೆ ದಸರೆಯ ವೇಳೆಗೆ ರಾಣೇಬೆನ್ನೂರು ತಾಲೂಕಿನ ದೇವರಗುಡ್ಡಕ್ಕೆ ಬರಬೇಕು. ಸಾವಿರಾರು ಜನರ ನಡುವೆ ಗೊರವಯ್ಯನು ಬಿಲ್ಲನ್ನೇರಿ 'ಸದ್ದಲೇ' ಎಂದು ಕೂಗುತ್ತಾನೆ. ಜನವೆಲ್ಲ ಉಸಿರು ಬಿಗಿಹಿಡಿದು ನಿಲ್ಲುತ್ತದೆ. ಕಾರ್ಣಿಕದ ಒಂದೇ ನುಡಿ ಹೊರಬೀಳುತ್ತದೆ. ಅದರಲ್ಲಿ ಮಳೆಯನ್ನು ಕಾಣುವವರು ಮಳೆಯನ್ನೂ ರಾಜ್ಯದ ಪಲ್ಲಟವನ್ನು ಕಾಣುವವರು ಪಲ್ಲಟವನ್ನೂ ಕಂಡುಕೊಂಡು ತಮ್ಮ ತಮ್ಮ ಊರಿಗೆ ತೆರಳುತ್ತಾರೆ. ನುಡಿಯನ್ನು ಮುಂಚಿತವಾಗಿ ಬರೆದು ತಹಸೀಲದಾರರ ಕಚೇರಿಗೆ ಒಪ್ಪಿಸೆಂದು ಗೊರವಯ್ಯನನ್ನು ಇದುವರೆಗೆ ಯಾರೂ ಕೇಳಿದಂತಿಲ್ಲ!

'ಸಂಸ್ಕಾರ'ವನ್ನು ಬಿಡಿಸಿದುದು ಸರಕಾರವೇ ಅಲ್ಲವೆ, ಹಾಗಿರುವಾಗ ಸರಕಾರದ ಮೇಲಧಿಕಾರವನ್ನು ಏಕೆ ದೂರುವಿರೆಂದು ಸೂಕ್ಷ್ಮಬುದ್ಧಿಯ ವಾಚಕರು ಕೇಳಬಹುದು. ಪ್ರಶ್ನೆಯು ಯೋಗ್ಯವಾದುದು. 1970ರಲ್ಲಿ ಬೇರೆ ಬಾಗಿಲೇ ಇರಲಿಲ್ಲ. ಇದ್ದ ಬಾಗಿಲನ್ನು ತಟ್ಟಿದರು, ಒಳಗಿದ್ದವರು ಪುಣ್ಯಕ್ಕೆ ತೆರೆದರು. ಐದಾರು ವರ್ಷಗಳು ಕಳೆಯುವಷ್ಟರಲ್ಲಿ ಅದೇ ಬಾಗಿಲು ಯಾರ ಮುಖಕ್ಕೆ ಹೇಗೆ ಮುಚ್ಚಿತೆಂಬುದನ್ನು ಮೇಲೆ ಹೇಳಿದ್ದೇವೆ. ದೊರೆಯ ಕೃಪೆಯಿಂದ ದೊರೆತುದನ್ನು ಹಕ್ಕು ಎನ್ನಲಾಗದು.

ಇನ್ನು ಇಂದಿನ ಸ್ಥಿತಿ. 2021ರ ಏಪ್ರಿಲ್ ತಿಂಗಳಲ್ಲಿ ಕೇಂದ್ರ ಸರಕಾರವು ಸುಗ್ರೀವಾಜ್ಞೆಯಿಂದ ಆ ಅಪೀಲು ನ್ಯಾಯಮಂಡಳಿಯನ್ನೇ ರದ್ದು ಮಾಡಿತು. ಅದೇ ವರ್ಷದ ಜೂನ್ ತಿಂಗಳಲ್ಲಿ, ಪ್ರಮಾಣಪತ್ರವನ್ನು ಪಡೆದ ಚಿತ್ರಪಟವನ್ನು ಮರಳಿ ಪರೀಕ್ಷಿಸಿರೆಂದು ಆಜ್ಞೆ ಮಾಡುವ ಅಧಿಕಾರವನ್ನು ಸರಕಾರಕ್ಕೆ ಕೊಡುವ ಕರಡನ್ನು ಹೊರಡಿಸಿತು; ಅಂದರೆ ಶಂಕರಪ್ಪನವರು ಮುಂಬಾಗಿಲಿನಿಂದ ಅಟ್ಟಿದುದನ್ನು ಹಿತ್ತಿಲ ಬಾಗಿಲಿನಿಂದ ಕರೆತರುವ ಯತ್ನ. ದೇಶದ ನಾನಾ ಭಾಷೆಗಳ ಚಿತ್ರಕಾರರು ಬಲವಾಗಿ ವಿರೋಧಿಸಿದುದರಿಂದ 2023ರ ಕಾಯದೆಯಲ್ಲಿ ಅದು ಸೇರಲಿಲ್ಲ. ಇದು ಸಂತೋಷದ ಸಂಗತಿಯೇ. ಆದರೆ ನ್ಯಾಯಮಂಡಳಿಯು ಮರಳಿ ಬರಲಿಲ್ಲ.

ಇದರ ಪೆಟ್ಟು ಯಾರಿಗೆ ಬೀಳುತ್ತದೆಂಬುದನ್ನು ನೋಡಿರಿ. ಕೋಟ್ಯಂತರ ರೂಪಾಯಿ ಹೂಡಿದ ಧನಿಕ ನಿರ್ಮಾಪಕನಿಗೆ ವಕೀಲರ ಕೊರತೆಯಿಲ್ಲ. 2016ರಲ್ಲಿ 'ಉಡ್ತಾ ಪಂಜಾಬ್'ನವರು ಮುಂಬಯಿ ಹೈಕೋರ್ಟಿಗೆ ಹೋಗಿ ಕೆಲವೇ ದಿವಸಗಳಲ್ಲಿ ಗೆದ್ದು ಬಂದರು. 2017ರಲ್ಲಿ ಒಂದು ಚಿಕ್ಕ ಹಿಂದೀ ಚಿತ್ರಪಟಕ್ಕೆ, ಅದು ಸ್ತ್ರೀಯರ ಮನೋರಥಗಳನ್ನು ಹೇಳುತ್ತದೆಂಬ ವಿಚಿತ್ರ ಕಾರಣದಿಂದ ಮಂಡಳಿಯು ಪ್ರಮಾಣಪತ್ರವನ್ನು ನಿರಾಕರಿಸಿದಾಗ, ಅದನ್ನು ಬಿಡಿಸಿದುದು ಇದೇ ಅಪೀಲು ನ್ಯಾಯಮಂಡಳಿ. ಈಗ ರಾಣೇಬೆನ್ನೂರಿನ ಒಬ್ಬ ತರುಣನು, ಬೀಜ ಗೊಬ್ಬರದ ಸಾಲದಲ್ಲಿ ಸಿಕ್ಕಿದ ಒಬ್ಬ ರೈತನ ಕಥೆಯನ್ನು, ಗೆಳೆಯರಿಂದ ಕೂಡಿಸಿದ ಹಣದಲ್ಲಿ ಚಿತ್ರಪಟವಾಗಿ ಮಾಡಿದನೆಂದು ಭಾವಿಸೋಣ. ಬೆಂಗಳೂರಿನ ಪ್ರಾಂತೀಯ ಕಚೇರಿಯ ಪರೀಕ್ಷಕರು ನಾಲ್ಕು ಸಂಭಾಷಣೆಗಳನ್ನು ತೆಗೆಯೆಂದರೆ ಅವನು ಪುನಃಪರೀಕ್ಷಣ ಸಮಿತಿಗೆ ಹೋಗಬೇಕು. ಅವರೂ ಹಾಗೆಯೇ ಅಂದರೆ 30 ದಿವಸಗಳೊಳಗೆ ಹೈಕೋರ್ಟಿಗೆ ಹೋಗಬೇಕು. ಧಾರವಾಡದ ಪೀಠವಾಗಲಿ ಬೆಂಗಳೂರಾಗಲಿ, ವಕೀಲರ ಫೀ, ಓಡಾಟದ ವೆಚ್ಚ, ದಿನಾಂಕದ ಮೇಲೆ ದಿನಾಂಕ. ಸಾಲದ ಬಡ್ಡಿಯಂತೂ ನಿಲ್ಲುವುದಿಲ್ಲ. ಅವನು ಆ ನಾಲ್ಕು ಮಾತುಗಳನ್ನು ತೆಗೆದೇಬಿಡುತ್ತಾನೆ. ಮುಂದಿನ ಸಲ ಬರೆಯುವಾಗ ತಾನಾಗಿಯೇ ಅಂತಹ ಮಾತುಗಳನ್ನು ಬರೆಯುವುದಿಲ್ಲ. ಯಾವ ದಫ್ತರದಲ್ಲಿಯೂ ದಾಖಲಾಗದ ಈ ಕತ್ತರಿಯೇ ಎಲ್ಲಕ್ಕಿಂತ ಹರಿತವಾದುದು.

ಆದುದರಿಂದ ನಮ್ಮ ಬೇಡಿಕೆಗಳು ಇವು. ನಿವೃತ್ತ ನ್ಯಾಯಾಧೀಶರ ಅಧ್ಯಕ್ಷತೆಯ ಅಪೀಲು ನ್ಯಾಯಮಂಡಳಿಯು ಪುನಃ ಬರಬೇಕು. ಅದು ದಿಲ್ಲಿಯಲ್ಲಿಯೇ ಕೂತಿರದೆ ಬೆಂಗಳೂರಿಗೂ ಬಂದು ಕನ್ನಡದಲ್ಲಿ ವಾದವನ್ನು ಕೇಳಬೇಕು. ಕತ್ತರಿಸಿರೆಂದು ಹೇಳುವ ಪರೀಕ್ಷಕರು ಯಾವ ದೃಶ್ಯವು ಕಾಯದೆಯ ಯಾವ ಮಾತಿಗೆ ವಿರುದ್ಧವಾಗಿದೆಯೆಂಬುದನ್ನು ತಮ್ಮ ರುಜುವಿನೊಡನೆ ಬರೆದು ಕೊಡಬೇಕು. ಕನ್ನಡ ಚಿತ್ರಪಟಗಳ ಪರೀಕ್ಷಕರಲ್ಲಿ ನಮ್ಮ ಕಡೆಯ ಆಡುಮಾತನ್ನು ಬಲ್ಲವರಿರಬೇಕು. ಬ್ಯಾಡಗಿಯ ಪೇಟೆಯಲ್ಲಿ ದಲಾಲರೂ ರೈತರೂ ಆತ್ಮೀಯತೆಯಿಂದಲೇ ಆಡುವ ಎಷ್ಟೋ ಮಾತುಗಳು ಬೆಂಗಳೂರಿನ ಕಿವಿಗೆ ಬೈಗುಳವಾಗಿ ಕೇಳಿಸಬಹುದು. ನಮ್ಮ ಜಿಲ್ಹೆಯ ಲೋಕಸಭೆಯ ಸದಸ್ಯರೂ ಶಾಸಕರೂ, ಯಾವ ಪಕ್ಷದವರೇ ಆಗಿರಲಿ, ಈ ವಿಷಯವನ್ನು ತಮ್ಮ ತಮ್ಮ ಸಭೆಗಳಲ್ಲಿ ಎತ್ತಬೇಕು.

ನಾವು ಮಾಡಬೇಕಾದುದೂ ಉಂಟು. ಪರೀಕ್ಷಕರು ಬಿಟ್ಟರೂ ಚಿತ್ರಮಂದಿರದವರು ಒಳಗೆ ಬಿಡದಿದ್ದರೆ ಚಿತ್ರಪಟವು ಡಬ್ಬಿಯಲ್ಲಿಯೇ ಉಳಿಯುತ್ತದೆ. ಅದಕ್ಕೆ ಚಿತ್ರಮಂದಿರದವರನ್ನಷ್ಟೇ ದೂರಿ ಪ್ರಯೋಜನವಿಲ್ಲ. ಬರಿಯ ಕುರ್ಚಿಗಳಿಗೆ ತೋರಿಸಿ ಅವರು ಹೊಟ್ಟೆ ಹೊರೆಯಲಾರರು. ಸಾಗರ ತಾಲೂಕಿನ ಹೆಗ್ಗೋಡಿನಂತಹ ಅಡಕೆಯ ತೋಟಗಳ ನಡುವಿನ ಹಳ್ಳಿಯಲ್ಲಿ ಕೆ. ವಿ. ಸುಬ್ಬಣ್ಣನವರು 1973ರಲ್ಲಿಯೇ ನೀನಾಸಮ್ ಚಿತ್ರಸಮಾಜವನ್ನು ಕಟ್ಟಿ ಜಗತ್ತಿನ ಶ್ರೇಷ್ಠ ಚಿತ್ರಪಟಗಳನ್ನು ಹಳ್ಳಿಗರಿಗೆ ತೋರಿಸಿದರು. ಕಾಲೇಜುಗಳೂ ವಾಚನಾಲಯಗಳೂ ವಕೀಲರ ಸಂಘಗಳೂ ಇರುವ ನಮ್ಮ ಮೂರು ಪಟ್ಟಣಗಳಿಗೆ ಅದು ಅಸಾಧ್ಯವಾದುದೇ? ತಿಂಗಳಿಗೊಂದು ಚಿತ್ರಪಟ, ಆ ಬಳಿಕ ಒಂದು ಗಳಿಗೆ ಚರ್ಚೆ. ಇಷ್ಟಕ್ಕೆ ಬೇಕಾದುದು ಒಂದು ಸಭಾಗೃಹ, ಒಂದು ಬಿಳಿಯ ತೆರೆ ಮತ್ತು ಐವತ್ತು ಜನ ವರ್ಗಣಿದಾರರು. ಹಾನಗಲ್ಲ ತಾಲೂಕಿನ ಶೇಷಗಿರಿಯ ಹಳ್ಳಿಗರು ನಾಟಕಕ್ಕಾಗಿ ರಂಗಮಂದಿರವನ್ನೇ ಕಟ್ಟಿಕೊಂಡಿರುವಾಗ ಪಟ್ಟಣಿಗರು ತೆರೆಯೊಂದನ್ನು ಕಟ್ಟಲಾರೆವೆಂದರೆ ಯಾರೂ ನಂಬರು.

ಮೊದಲನೆಯ ಪ್ರದರ್ಶನವು ಬರುವ ಏಪ್ರಿಲ್ 1ನೆಯ ತಾರೀಖಿಗೆ, ಹೊಸರಿತ್ತಿಯ ಹುತಾತ್ಮರ ದಿನದಂದು, ಹಾವೇರಿಯಲ್ಲಿ ಆಗಲಿ. ತೋರಿಸುವ ಚಿತ್ರಪಟವು 'ಮಾಡಿ ಮಡಿದವರು' ಆಗಲಿ. ಅದರ ಪ್ರತಿಗಾಗಿ ಪುಣೆಯ ರಾಷ್ಟ್ರೀಯ ಚಿತ್ರ ಸಂಗ್ರಹಾಲಯಕ್ಕೂ ಬೆಂಗಳೂರಿನ ಚಲನಚಿತ್ರ ಅಕಾಡೆಮಿಗೂ ಮೂರೂ ಪಟ್ಟಣಗಳ ಸಂಘಸಂಸ್ಥೆಗಳು ಈಗಿನಿಂದಲೇ ಪತ್ರ ಬರೆಯಲಿ. ವರ್ಗಣಿ ಕೊಡಲು ಇಚ್ಛೆಯುಳ್ಳವರು ತಮ್ಮ ಹೆಸರು ವಿಳಾಸಗಳನ್ನು ನಮ್ಮ ಕಚೇರಿಗೆ ಕಳಿಸಿದರೆ ಅವನ್ನು ಒಟ್ಟುಗೂಡಿಸಿ ಮುಂದೆ ಬರುವ ಕಾರ್ಯಕರ್ತರಿಗೆ ಒಪ್ಪಿಸುವ ಹೊಣೆಯನ್ನು ಈ ಪತ್ರಿಕೆಯು ಹೊರುತ್ತದೆ.